ವಕೀಲರು ಹೇಳದ ಹೆಸರುಗಳು

ಲಂಡನ್ನಿನ ಅಂಚಿನ ಅಕ್ಸ್‌ಬ್ರಿಡ್ಜಿನ ಆ ಮಧ್ಯಾಹ್ನಗಳು ನೆನಪಿಗೆ ಬರುವಾಗ ಅವುಗಳಲ್ಲಿ ಸದ್ದೇ ಇರುವುದಿಲ್ಲ. ಕಿಟಕಿಯಾಚೆ ದೂರದಲ್ಲಿ ವಿಮಾನಗಳು ಮಂಜಿನೊಳಗೆ ಮೆಲ್ಲಗೆ ಇಳಿಯುತ್ತಿರುತ್ತವೆ. ಒಳಗೆ ಅವ್ವ ಹತ್ತಿ ಹಿಂಜಿ ದೀಪದ ಬತ್ತಿ ಹೊಸೆಯುತ್ತಿರುತ್ತಾಳೆ. ಎದುರಿನ ಕುರ್ಚಿಯಲ್ಲಿ ನಾರ್ವೆ ದೇಶದ ಆ ಮುದುಕರು ಕಣ್ಣು ಮುಚ್ಚಿಕೊಂಡು ಏನೋ ಗುನುಗುತ್ತಿರುತ್ತಾರೆ. ಅವ್ವನಿಗೆ ಅವರ ಭಾಷೆ ಬರದು, ಅವರಿಗೆ ಅವ್ವನದು ಬರದು. ಆಸ್ಪತ್ರೆಯ ಡ್ಯೂಟಿ ಮುಗಿಸಿ ಬಂದ ನಾನು ಆ ಬಾಗಿಲಲ್ಲಿ ನಿಂತರೆ, ಯಾರದೋ ನಿದ್ದೆಯೊಳಗೆ ಕಾಲಿಟ್ಟ ಹಾಗೆ ಅನಿಸುತ್ತಿತ್ತು.

ಅದು ತೊಂಬತ್ತರ ದಶಕದ ಕೊನೆಗಾಲ. ಅಪ್ಪ ತೀರಿಕೊಂಡ ಮೇಲೆ ಅವ್ವನನ್ನು ಧಾರವಾಡದಿಂದ ನನ್ನ ಫ್ಲಾಟಿಗೆ ಕರೆತಂದಿದ್ದೆ. ಎದುರು ಮನೆಯಲ್ಲಿ ಈ ಮುದುಕರು ಒಬ್ಬರೇ ಇದ್ದರು. ಯುದ್ಧ ಮುಗಿದ ಮೇಲೆ ಲಂಡನ್ನಿಗೆ ಬಂದು, ಹಡಗು ಕಂಪನಿಗಳ ಮೊಕದ್ದಮೆ ನಡೆಸುತ್ತಾ ಇಲ್ಲೇ ನಿವೃತ್ತರಾದವರು. ಇಂಗ್ಲಿಷ್ ಹೆಂಡತಿ ಹೋಗಿ ಬಹಳ ವರ್ಷವಾಗಿತ್ತು. ಅವರ ಹೆಸರು ಅವ್ವನ ನಾಲಿಗೆಗೆ ಒಗ್ಗಲಿಲ್ಲ. ನಮ್ಮ ಕಡೆಯ ರೂಢಿಯಂತೆ ಅವರನ್ನು 'ವಕೀಲರು' ಎಂದೇ ಕರೆದಳು. ಅರ್ಥ ತಿಳಿಸಿದಾಗ ಅವರಿಗೆ ಅದು ಬಹಳ ಹಿಡಿಸಿತು.

ಅವರಿಬ್ಬರ ಸ್ನೇಹ ಶುರುವಾದದ್ದು ಜಿಪಿಯ, ಅಂದರೆ ನಮ್ಮ ಬಡಾವಣೆಯ ಡಾಕ್ಟರರ, ಕ್ಲಿನಿಕ್ಕಿನಲ್ಲಿ. ಅವ್ವನನ್ನು ನೋಂದಾಯಿಸಲು ಹೋಗಿದ್ದೆ. ಕೌಂಟರಿನ ಹುಡುಗಿ ಗಂಡನ ಹೆಸರು ಕೇಳಿದಳು. ಅಷ್ಟು ಇಂಗ್ಲಿಷ್ ಅವ್ವನಿಗೂ ತಿಳಿಯುತ್ತಿತ್ತು. ಆದರೆ ಬಾಯಿ ಬಿಡಲಿಲ್ಲ, ನನ್ನ ಮುಖ ನೋಡಿದಳು. ಹುಡುಗಿ ಮತ್ತೆ ಕೇಳಿದರೂ ಅಷ್ಟೇ. ನಾನೇ ಹೇಳಿ ಮುಗಿಸಿದೆ. ನಮ್ಮಲ್ಲಿ ಹೆಂಗಸರು ಗಂಡನ ಹೆಸರು ಹೇಳುವುದಿಲ್ಲ; ಮದುವೆಯಲ್ಲೋ ಬಸುರಿಯ ಕುಪ್ಪಸದ ಶಾಸ್ತ್ರದಲ್ಲೋ ಎಲ್ಲರೂ ಸೇರಿ ಕಾಡಿದರೆ, ಒಡಪು ಎಂಬ ಪ್ರಾಸದ ಪದ ಕಟ್ಟಿ ಅದರ ತುದಿಗೆ ಹೆಸರು ಸೇರಿಸಿ ಹೇಳುತ್ತಾರೆ. ಅವ್ವ ಅದಕ್ಕೂ ಜಪ್ಪಯ್ಯ ಅಂದವಳಲ್ಲ. ಅಪ್ಪನ ಹೆಸರನ್ನು ಅವಳ ಬಾಯಲ್ಲಿ ನಾನು ಒಮ್ಮೆಯೂ ಕೇಳಿರಲಿಲ್ಲ. ಬೆಂಚಿನ ಮೇಲೆ ತಮ್ಮ ಸರದಿಗೆ ಕಾಯುತ್ತಿದ್ದ ವಕೀಲರು ಇದನ್ನೆಲ್ಲ ನೋಡಿ ವಿಚಾರಿಸಿದರು. ನಾನು ಸ್ವಲ್ಪ ನಾಚಿಕೊಂಡೇ ವಿವರಿಸಿದೆ.

"ನಿಮ್ಮ ತಾಯಿ ನಮ್ಮ ಕೆಲಸಕ್ಕೆ ಚೆನ್ನಾಗಿ ಒದಗುತ್ತಿದ್ದರು," ಎಂದರು ಅವರು, ನಗದೆ.

ಆ ಕೆಲಸ ಏನೆಂಬುದನ್ನು ಅವರು ಒಟ್ಟಿಗೆ ಹೇಳಿದವರಲ್ಲ. ಚಹಾ ಕುಡಿಯುತ್ತಾ, ಕಿಟಕಿ ನೋಡುತ್ತಾ, ಎಲ್ಲೋ ಒಂದು ತುಣುಕು ಬರುತ್ತಿತ್ತು. ಅವರು ಎಳೆಯ ವಕೀಲರಾಗಿದ್ದಾಗ ದೇಶ ಜರ್ಮನ್ನರ ಕೈ ಸೇರಿತು. ಹಗಲು ಕೋರ್ಟು, ಉಳಿದ ಹೊತ್ತು ಗುಪ್ತ ಪ್ರತಿರೋಧ. ಹಿಮದ ಕಾಡಿನಲ್ಲಿ ಸ್ಕೀ ಮೇಲೆ ಜನರನ್ನು ಸ್ವೀಡನ್ನಿನ ಗಡಿ ದಾಟಿಸುವುದು. ಹಿಮ ಬೀಳುವಾಗ ಕಾಡಿಗೆ ಕಾಡೇ ಉಸಿರು ಬಿಗಿ ಹಿಡಿಯುತ್ತದೆ ಎನ್ನುತ್ತಿದ್ದರು. ಅಲ್ಲಿ ಯಾರೂ ಯಾರ ನಿಜ ಹೆಸರು ಕೇಳುವಂತಿರಲಿಲ್ಲ. ಅಕಸ್ಮಾತ್ ಗೊತ್ತಾದರೆ ಅದನ್ನು ನುಂಗಿಕೊಳ್ಳಬೇಕು. ಅವರಿಗೆ ಕೆಲವು ಗೊತ್ತಾಗಿದ್ದವು. ಸಿಕ್ಕಿಬಿದ್ದಾಗ ಅವಕ್ಕಾಗಿಯೇ ಅವರನ್ನು ಹೊಡೆದರು. ಎಡಗಾಲು ಎಳೆದು ನಡೆಯುವುದು ಅಂದಿನಿಂದ. ಒಂದು ಹೆಸರೂ ಹೊರಬರಲಿಲ್ಲ.

ಹೊಸ ಶತಮಾನ ಬಂದಾಗ ವಕೀಲರ ಮರೆವು ಹೆಚ್ಚಿತು. ಗ್ಯಾಸ್ ಒಲೆ ಹಚ್ಚಿ ಮರೆಯುವುದು, ನನ್ನೊಡನೆ ಮಾತನಾಡುತ್ತಲೇ ನಾರ್ವೆ ಭಾಷೆಗೆ ಹೊರಳುವುದು. ಕೌನ್ಸಿಲ್‌ನವರು ಒಳ್ಳೆಯ ಮನಸ್ಸಿನಿಂದ ಅವರ ಭಾಷೆ ಬಲ್ಲ ಒಬ್ಬ ಹೆಂಗಸನ್ನು ವಾರಕ್ಕೊಮ್ಮೆ ಕಳಿಸತೊಡಗಿದರು. ಮೊದಲ ದಿನವೇ ವಕೀಲರು ಬಾಗಿಲು ತೆಗೆಯಲಿಲ್ಲ. ಡಾಕ್ಟರಾದ ನನಗೆ ರೇಗಿತು. ತಾಯಿನುಡಿ ಕೇಳುವ ಭಾಗ್ಯ ಇಲ್ಲಿ ಎಷ್ಟು ಮುದುಕರಿಗಿದೆ ಎಂದು ಗದರಿದೆ.

"ಸಾವಿಗೆ ಹೆದರುವುದಿಲ್ಲ. ನನ್ನ ನಾಲಿಗೆಗೆ ಹೆದರುತ್ತೇನೆ," ಎಂದರು. "ಅಂದು ಹಿಡಿದಿಟ್ಟದ್ದು ಇಂದು ತಾನಾಗಿ ಜಾರಿಬಿಟ್ಟರೆ?"

"ಯುದ್ಧ ಎಂದೋ ಮುಗಿಯಿತಲ್ಲ. ಈಗ ಯಾರಿಗೆ ತೊಂದರೆ?"

"ಅವರಲ್ಲಿ ಕೆಲವರು ತಮ್ಮ ಮಕ್ಕಳಿಗೂ ಹೇಳಿಕೊಂಡಿಲ್ಲ. ಮಾಡಬಾರದ ಕೆಲಸಗಳನ್ನೂ ಮಾಡಬೇಕಾಗಿತ್ತು. ಹೇಳುವ ಹಕ್ಕು ಅವರದು, ನನ್ನದಲ್ಲ." ನಮ್ಮ ಮನೆಯ ಬಾಗಿಲ ಕಡೆ ನೋಡಿ ಕೇಳಿದರು: "ನಿಮ್ಮ ತಾಯಿ ಬಂದು ನನ್ನ ಹತ್ತಿರ ಕೂರುತ್ತಾರೆಯೇ? ಅರ್ಥವಾಗದವರ ಮುಂದೆ ಭಯವಿಲ್ಲ."

ಅವ್ವನಿಗೆ ಎಲ್ಲವನ್ನೂ ತಿಳಿಸಿ ಹೇಳಿದೆ. ಅವಳು ಹತ್ತಿಯ ಡಬ್ಬಿ ಎತ್ತಿಕೊಂಡಳು.

"ಅಷ್ಟ ಅಲ್ಲೇನು? ನಾ ಅಲ್ಲೇ ಕುಂತು ಬತ್ತಿ ಮಾಡ್ತೀನಿ ಅಂತ ಹೇಳು ಅವರಿಗೆ."

ಹೀಗೆ ಆ ಮಧ್ಯಾಹ್ನಗಳು ಶುರುವಾದವು. ಬಿಸಿಲು ಬಂದರೆ ಕಾರ್ಪೆಟ್ಟಿನ ಮೇಲೆ ಹರಿದಾಡಿ ಗೋಡೆಗೆ ಹೋಗುತ್ತಿತ್ತು. ವಕೀಲರು ಒಂದೊಂದು ಮಾತು ಆಡಿ ನಿಲ್ಲಿಸುತ್ತಿದ್ದರು, ಯಾರನ್ನೋ ಕರೆದು ಓಗೊಡಲಿ ಎಂದು ಕಾಯುವವರಂತೆ. ಅವ್ವ ನಡುನಡುವೆ "ಹೂಂ ರೀ" ಅನ್ನುತ್ತಿದ್ದಳು. ನನ್ನ ಅವ್ವ ಹಿಮದ ಕಾಡಿನಲ್ಲಿ ಸೀರೆ ಉಟ್ಟು ಅವರ ಹಿಂದೆ ನಡೆಯುತ್ತಿದ್ದಾಳೆ ಎಂದು ನನಗೆ ಒಂದೆರಡು ಸಲ ಕನಸೂ ಬಿತ್ತು.

ಕೊನೆಯ ಚಳಿಗಾಲದಲ್ಲಿ ಅವರು ಹಾಸಿಗೆ ಹಿಡಿದರು. ಬಾಗಿಲು ಹಾಕಿಕೊಳ್ಳುವ ಶಕ್ತಿ ಉಳಿದಿರಲಿಲ್ಲ. ಅವರ ಭಾಷೆಯ ಆ ಹೆಂಗಸು ಮತ್ತೆ ಬರತೊಡಗಿದಳು. ಮೃದು ಸ್ವಭಾವದವಳು, ಹೂ ತರುತ್ತಿದ್ದಳು. ಒಂದು ದಿನ ನಾವಿಬ್ಬರೂ ಜೊತೆಯಲ್ಲೇ ಮೆಟ್ಟಿಲು ಹತ್ತಿದೆವು. ವಕೀಲರ ಬಾಗಿಲು ಓರೆಯಾಗಿತ್ತು, ಒಳಗಿಂದ ಅವರ ದನಿ ಕೇಳುತ್ತಿತ್ತು. ಅಷ್ಟು ಸ್ಪಷ್ಟವಾಗಿ ಅವರು ಮಾತಾಡಿ ತಿಂಗಳುಗಳೇ ಆಗಿದ್ದವು. ನನ್ನ ಪಕ್ಕದಲ್ಲೇ ಆ ಭಾಷೆ ಬಲ್ಲವಳಿದ್ದಳು.

ಅವ್ವ ನಮ್ಮ ಹೆಜ್ಜೆ ಸಪ್ಪಳ ಕೇಳಿರಬೇಕು. ಇದ್ದಕ್ಕಿದ್ದ ಹಾಗೆ ಮದುವೆ ಮನೆಯ ಎತ್ತರದ ದನಿಯಲ್ಲಿ ಒಡಪು ಹಚ್ಚಿದಳು. ಹಿತ್ತಲ ಮಲ್ಲಿಗೆ, ಬೆಳ್ಳಿ ಬಟ್ಟಲು, ತುಂಬಿದ ಕೆರೆ ಎಲ್ಲ ಬಂದವು. ತುದಿಗೆ ಅಪ್ಪನ ಹೆಸರು ಬಂತು. ಮತ್ತೊಂದು ಒಡಪು, ಮತ್ತೆ ಅಪ್ಪನ ಹೆಸರು. ಅವಳ ದನಿಯಡಿ ವಕೀಲರ ದನಿ ಮುಳುಗಿಹೋಯಿತು. ಅವಳ ಒಂದು ಕೈ ಅವರ ಕೈಮೇಲಿತ್ತು, ಕಣ್ಣಲ್ಲಿ ನೀರು ಹರಿಯುತ್ತಿತ್ತು, ದನಿ ಮಾತ್ರ ನಡುಗಲಿಲ್ಲ. ಗಂಡ ಬದುಕಿದ್ದಾಗ ಯಾರು ಕಾಡಿದರೂ ಹೇಳದಿದ್ದ ಹೆಸರನ್ನು ಅವಳು ಪರದೇಶದ ಮುದುಕರಿಗಾಗಿ ಖರ್ಚು ಮಾಡುತ್ತಿದ್ದಳು. ನಾನು ಬಾಗಿಲಲ್ಲೇ ಅತ್ತುಬಿಟ್ಟೆ.

"ಎಷ್ಟು ಚಂದದ ಹಾಡು. ಪ್ರಾರ್ಥನೆಯೇ?" ಎಂದು ಆ ಹೆಂಗಸು ಕೇಳಿದಳು.

ಹೌದೆಂದೆ.

ವಕೀಲರು ಅದೇ ವಾರ ಹೋದರು. ಮಣ್ಣು ಮುಗಿಸಿಕೊಂಡು ಬಂದ ಸಂಜೆ ಅವ್ವ ದೀಪಕ್ಕೆ ಬತ್ತಿ ಹಾಕುತ್ತಿದ್ದಳು. ನನಗೆ ತಡೆಯಲಾಗಲಿಲ್ಲ.

"ಅವ್ವಾ, ವಕೀಲರು ಹೇಳತಿದ್ದ ಹೆಸರು ನಿನಗ ನೆನಪ ಅದಾವೇನು?"

"ಅದಾವು," ಎಂದಳು. ದೀಪ ಹಚ್ಚಿ ಕೈ ಮುಗಿದು, ನನ್ನ ಕಡೆ ತಿರುಗಿದಳು. "ಹೊಡತ ತಿಂದ್ರೂ ಅವರು ಹೇಳ್ಲಿಲ್ಲ. ನೀ ಬರೇ ಕೇಳಿದ್ರ ನಾ ಹೇಳಿಬಿಡ್ಲೇನು?"