ಶಿಗೆಗೆ ಮರೆತುಹೋದ ನಡಿಗೆ

ತೋಫು ಮಾರುವವಳ ಮಗಳು ಶಿಗೆ ಟೋಕಿಯೋದ ಸುಮಿದಾ ಹೊಳೆಯಾಚೆಗಿನ ಸಿನೆಮಾ ಕಂಪನಿಗೆ ಸೇರಿದಾಗ ಅಲ್ಲಿ ಹೆಂಗಸರ ಪಾತ್ರಗಳನ್ನೆಲ್ಲ ಗಂಡಸರೇ ಮಾಡುತ್ತಿದ್ದರು. ಮೂಕಿ ಚಿತ್ರಗಳ ಕಾಲ ಅದು. ಹೆಣ್ಣನ್ನೇ ಹೆಣ್ಣಾಗಿ ತೋರಿಸಿ ನೋಡೋಣ ಎಂದು ಮಾಲೀಕರಿಗೆ ಹುಕಿ ಬಂದಿತ್ತು. ಆದರೆ ಅವಳಿಗೆ ಹೆಣ್ತನ ಕಲಿಸಲು ಅವರು ನೇಮಿಸಿದ್ದು ಸ್ತ್ರೀವೇಷದ ನಟ ತಾಮಾನೊಸುಕೆಯನ್ನು.

"ಏನೇ ಇದು, ಗಾಡಿ ಎತ್ತಿನ ಹಾಗೆ ಧಡಧಡ ನಡೀತೀಯಾ?" ಎಂದು ಅವನು ಗದರಿ, ಅವಳ ಮಂಡಿಗಳ ನಡುವೆ ಒಂದು ಕಾಗದ ಸಿಕ್ಕಿಸಿದ. ಅದು ಬೀಳದ ಹಾಗೆ ನಡೆಯಬೇಕಿತ್ತು. ಚಳಿಗಾಲ ಕಳೆಯುವಷ್ಟರಲ್ಲಿ ಕಾಗದ ಬೀಳುವುದು ನಿಂತಿತು. ಮನೆಯಲ್ಲೂ ಅದೇ ನಡಿಗೆ ಬಂದುಬಿಟ್ಟಿತು. "ಕಾಲಿಗೇನಾದ್ರೂ ಚುಚ್ಚಿದೆಯೇನೇ?" ಎಂದು ತಾಯಿ ಕೇಳಿದಳು.

ಆಮೇಲೆ ಅಮೆರಿಕ ನೋಡಿ ಬಂದ ಹೊಸ ನಿರ್ದೇಶಕ ಹಿಕಿದಾ ಬಂದ. ಅವಳ ನಡಿಗೆ ಕಂಡು ತಲೆ ಚಚ್ಚಿಕೊಂಡ.

"ನೀನು ಹೆಣ್ಣೋ, ವೇಷ ಹಾಕಿದ ಗಂಡೋ? ನಿನ್ನ ನಡಿಗೆ ನಡಿಯಮ್ಮಾ! ನಾಳೆನೂ ಹೀಗೇ ಮಾಡಿದ್ರೆ ಪಾತ್ರ ಬೇರೆಯವರಿಗೆ. ನೀನು ತೋಫು ತೊಟ್ಟಿಗೆ ವಾಪಸ್ಸು."

ಶಿಗೆ ಅಂಗಳದಲ್ಲಿ ಹಿಂದೆ ಮುಂದೆ ನಡೆದು ನೋಡಿದಳು. ತನ್ನ ನಡಿಗೆ ಯಾವುದೆಂದು ನೆನಪೇ ಆಗಲಿಲ್ಲ. ಕೊನೆಗೆ ತಾಮಾನೊಸುಕೆಯ ಹತ್ತಿರ ಹೋದಳು.

"ಗುರುಗಳೇ, ನಾನು ಮೊದಲು ಹೇಗೆ ನಡೀತಿದ್ದೆ?"

"ಅದನ್ನ ಮರೆಸೋಕೆ ನಂಗೊಂದು ಚಳಿಗಾಲ ಪೂರ್ತಿ ಹಿಡೀತು. ಈಗ ನೆನಪು ಮಾಡು ಅಂತೀಯಲ್ಲೇ ಪಿಶಾಚಿ!"

ಮರುದಿನದ ಚಿತ್ರೀಕರಣ ಸೇತುವೆಯ ಮೇಲೆ. ಗಂಡ ಮುಳುಗಿದ ಸುದ್ದಿ ಕೇಳಿ ಹೆಂಡತಿ ಓಡಿ ಬರಬೇಕು. "ಓಡು!" ಎಂದು ಹಿಕಿದಾ ಕೂಗಿದ. ಎತ್ತಿನ ಹಾಗೆ ಓಡಬೇಕೋ ಕಾಗದ ಸಿಕ್ಕಿಸಿಕೊಂಡ ಹಾಗೋ ತಿಳಿಯದೆ ಶಿಗೆ ಒಂದು ಕಾಲು ಅರ್ಧ ಎತ್ತಿ ಹಾಗೇ ನಿಂತುಬಿಟ್ಟಳು. ಬಾಯಿ ತೆರೆದೇ ಇತ್ತು. ಕ್ಯಾಮರಾ ತಿರುಗುತ್ತಲೇ ಇತ್ತು. ಕೆಲಸ ಹೋಯಿತೆಂದು ಅವಳು ಕಣ್ಣೊರೆಸಿಕೊಳ್ಳುತ್ತಿದ್ದರೆ ಹಿಕಿದಾ ಟೋಪಿ ಹಾರಿಸಿ ಕುಣಿದ. "ಇದೇ! ಇದೇ ಬೇಕಿತ್ತು ನಂಗೆ!"

ಚಿತ್ರ ತೆರೆಕಂಡಾಗ ಚಿತ್ರಮಂದಿರದಲ್ಲಿ ಪರದೆಯ ಪಕ್ಕ ನಿಂತು ಕಥೆ ಹೇಳುವವನು ಅವಳ ದನಿಯಾಗಿ ಬಿಕ್ಕಿದ. "ಅಯ್ಯೋ, ಹೊಳೆಯೇ, ಅವರನ್ನ ಕೊಡು!" ಜನರೆಲ್ಲ ಅತ್ತರು. ಶಿಗೆ ಸುತ್ತ ನೋಡಿದಳು. ಪರದೆಯ ಮೇಲಿನ ಆ ಹೆಂಗಸಿಗೆ ಗಂಡನ ಯೋಚನೆಯೇ ಇರಲಿಲ್ಲವೆಂದು ಯಾರಿಗೆ ಹೇಳುವುದು? ಪಕ್ಕದಲ್ಲಿ ತಾಮಾನೊಸುಕೆಯೂ ಮೂಗು ಒರೆಸಿಕೊಳ್ಳುತ್ತಿದ್ದ.

"ನಾ ಕಲಿಸಿದ್ದು ವ್ಯರ್ಥ ಆಗ್ಲಿಲ್ಲ ಕಣೇ."

"ಇದನ್ನ ನೀವು ಕಲಿಸಿದ್ರಾ?"

"ಇನ್ಯಾರು ಮತ್ತೆ?"

ಅವಳ ಕೆಲಸ ಉಳಿಯಿತು. ಮುಂದೆ ವರ್ಷಗಟ್ಟಲೆ ಅವಳನ್ನು ಬಾಗಿಲಲ್ಲಿ, ಬಾವಿಕಟ್ಟೆಯಲ್ಲಿ, ರೈಲು ನಿಲ್ದಾಣದಲ್ಲಿ ನಿಲ್ಲಿಸಿ, ಆವತ್ತು ಸೇತುವೆ ಮೇಲೆ ನಿಂತ ಹಾಗೇ ನಿಲ್ಲು ಎನ್ನುತ್ತಿದ್ದರು. ಶಿಗೆ ಕಾಲು ಸ್ವಲ್ಪ ಎತ್ತಿ, "ಹೀಗಾ?" ಎಂದು ಕೇಳುತ್ತಿದ್ದಳು. "ಹೂಂ, ಹತ್ತಿರ ಬಂತು" ಎನ್ನುತ್ತಿದ್ದ ಹಿಕಿದಾ.