ಕುಣಿಯವರ ಹಾಡು

ಈಗ ಬರೆಯುವುದು ಹೀಗೆಯೇ ನಡೆಯಿತೆಂದು ಆಣೆ ಮಾಡಿ ಹೇಳಲಾರೆ. ಹನ್ನೊಂದು ವರ್ಷಗಳಲ್ಲಿ ಇದನ್ನು ಮನಸ್ಸಿನಲ್ಲಿ ಎಷ್ಟು ಸಲ ತಿರುವಿ ಹಾಕಿದ್ದೇನೆಂದರೆ, ಯಾವುದು ನಡೆದದ್ದು, ಯಾವುದು ನಡೆದಿರಲಿ ಎಂದು ನಾನು ಬಯಸಿದ್ದು ಎನ್ನುವುದೇ ತಿಳಿಯದಾಗಿದೆ. ನಾನು ಭೌತಶಾಸ್ತ್ರ ಓದಿದವನು. ಹಾಸ್ಟೆಲಿನಲ್ಲಿ ಯಾರಾದರೂ ದೆವ್ವದ ಸುದ್ದಿ ತೆಗೆದರೆ ಅವರನ್ನು ಗೋಳು ಹೊಯ್ದುಕೊಳ್ಳುತ್ತಿದ್ದವನು. ಇದರಲ್ಲಿ ದೆವ್ವವಿಲ್ಲ. ನಡೆದದ್ದು ಹಾಡುಹಗಲಲ್ಲಿ.

ಮೊಳಕಾಲ್ಮೂರಿನ ನಮ್ಮ ಮನೆಯಲ್ಲಿ ಕುಣಿ ಮಗ್ಗವಿತ್ತು. ನೆಲದಲ್ಲಿ ತೋಡಿದ ಕುಣಿಗೆ ಕಾಲು ಇಳಿಬಿಟ್ಟು ಅಪ್ಪ ರೇಷ್ಮೆ ಸೀರೆ ನೇಯುತ್ತಿದ್ದರು. ನಾನೂ ನನಗಿಂತ ನಾಲ್ಕು ವರ್ಷ ದೊಡ್ಡವಳಾದ ಪದ್ಮಕ್ಕನೂ ಪಕ್ಕದಲ್ಲಿ ಬೋರಲು ಮಲಗಿ ಕುಣಿಯೊಳಗೆ ಇಣುಕುತ್ತಿದ್ದೆವು. ಅಲ್ಲೊಂದು ಜನಾಂಗವಿದೆಯೆಂದು ಹೇಳಿದವಳು ಅಕ್ಕ. ಹೆಬ್ಬೆರಳುದ್ದದ ಜನ, ಕುಣಿಯವರು. ಅಪ್ಪನ ಎರಡು ಪಾದಗಳೇ ಅವರ ದೇವರು. ಎಡದೇವರು ಇಳಿದರೆ ಹಗಲು, ಬಲದೇವರು ಇಳಿದರೆ ರಾತ್ರಿ. ಕುಣಿಯವರು ಸಾಯುವುದಿಲ್ಲ. ವಯಸ್ಸಾದ ಮೇಲೆ ಎಳೆ ಹಿಡಿದು ಮೇಲೆ ಹತ್ತಿ ಸೀರೆಯೊಳಗೆ ಸೇರಿಕೊಳ್ಳುತ್ತಾರೆ.

ಹತ್ತುವವರನ್ನು ಕಳಿಸಲು ಅವರಿಗೊಂದು ಹಾಡಿತ್ತು. ಅದನ್ನೂ ಅಕ್ಕನೇ ಕಟ್ಟಿದಳು.

ಏಲ ತೂರಿ ಏಲ, ಕಾಲಿನ ಮೇಲಿನ ಊರಿಗೆ
ಏಲ ತೂರಿ ಏಲ, ಬಣ್ಣದ ಹೊಸಿಲ ಒಳಗೆ
ಏಲ ತೂರಿ ಏಲ, ಎಳೆಯ ಬಿಟ್ಟೆವು, ಏರು

ಈ ಮೂರು ಸಾಲು ಉಳಿಯುವವರದು. ‘ಏರಿದೆ, ಏಲ, ಏರಿದೆ’ ಎಂಬ ನಾಲ್ಕನೆಯ ಸಾಲು ಹೊರಟವರದು. ಉಳಿಯುವವರು ತಮ್ಮ ಮೂರು ಸಾಲು ಮುಗಿಸುವ ತನಕ ಹೊರಟವರು ಬಾಯಿ ತೆರೆಯಬಾರದು, ಎಷ್ಟು ಹೊತ್ತಾದರೂ ಕಾಯಬೇಕು. ಈ ಕಟ್ಟಳೆಯ ವಿಷಯದಲ್ಲಿ ಅಕ್ಕ ಬಹಳ ಕಟ್ಟುನಿಟ್ಟು. ನಾವು ಯಾರಿಗೂ, ಅವ್ವನಿಗೂ, ಈ ಹಾಡನ್ನು ಹೇಳಿರಲಿಲ್ಲ.

ತಳಕಿನಲ್ಲಿ ಹೊಲಿಗೆ ಅಂಗಡಿ ಇಟ್ಟುಕೊಂಡಿದ್ದ ಅಕ್ಕ ಮೂವತ್ತೊಂದನೆಯ ವಯಸ್ಸಿನಲ್ಲಿ ಮೂತ್ರಪಿಂಡದ ಕಾಯಿಲೆಯಿಂದ ಚಳ್ಳಕೆರೆಯ ಆಸ್ಪತ್ರೆಯಲ್ಲಿ ಮಲಗಿದಳು. ಎರಡು ದಿನ ನಾನು ಪಕ್ಕದಲ್ಲೇ ಇದ್ದೆ. ಮೂರನೆಯ ದಿನ ಬೆಳಿಗ್ಗೆ ಅವಳು, “ಲೇ, ಕುಣಿಯವರ ಹಾಡು ಹೇಳೋ” ಎಂದಳು.

“ಸುಮ್ನಿರಕ್ಕ, ಜನ ಅದಾರೆ” ಎಂದೆ.

“ಎಂಎಸ್ಸಿ ಓದಿದ ಮೇಲೆ ಬಾಯಿ ಬಿದ್ದೋಯ್ತೇನು? ಮೂರೇ ಸಾಲು ಐತೆ.”

ಪಕ್ಕದ ಹಾಸಿಗೆಯಲ್ಲಿ ರಾಂಪುರದ ಒಬ್ಬ ಅಜ್ಜಿ ಇದ್ದಳು. ಅವಳೂ, “ಹೇಳಪ್ಪ, ನಾವೂ ಕೇಳ್ತೀವಿ” ಎಂದು ನಕ್ಕಳು. ನಾನು ಇನ್ನಷ್ಟು ಮುದುಡಿಕೊಂಡೆ. ಸಂಜೆ ಬಂದು ಹೇಳುತ್ತೇನೆಂದು ಅಕ್ಕನಿಗೆ ಹೇಳಿ, ಅವ್ವನನ್ನು ಕರೆತರಲು ಎದ್ದೆ. ನಾಚಿಕೆಯಾಯಿತು ಎಂದುಕೊಂಡರೂ ಅದು ಪೂರ್ತಿ ನಿಜವಲ್ಲ. ಹಾಡಿದರೆ ನಾನೇ ಅವಳನ್ನು ಕಳಿಸಿದಂತಾಗುತ್ತದೆ ಎಂದು ಹೆದರಿದ್ದೆ. ನನ್ನಂಥವನಿಗೆ ಅಂಥ ಹೆದರಿಕೆ ಇರಬಾರದಿತ್ತು.

ಬಸ್ಸಿಳಿದು ನಮ್ಮ ಓಣಿಗೆ ಬಂದಾಗ ಮೂರು ಗಂಟೆ ದಾಟಿತ್ತು. ಹೊಸಿಲ ಹೊರಗೆ ಚಪ್ಪಲಿ ಬಿಡುವಾಗ ಒಳಗಿನಿಂದ ಆ ಹಾಡು ಕೇಳಿಸಿತು. ಮೂರು ಸಾಲು, ನಿಧಾನವಾಗಿ. ಗಂಡಸಿನ ದನಿಯೋ ಹೆಂಗಸಿನದೋ, ಇವತ್ತಿಗೂ ಹೇಳಲಾರೆ. ಒಳಗೆ, ಅಪ್ಪ ತೀರಿಕೊಂಡ ಮೇಲೆ ತಾನೇ ನಡೆಸುತ್ತಿದ್ದ ಮಗ್ಗದ ಮುಂದೆ, ಅವ್ವ ಒಬ್ಬಳೇ ಕೂತು ಹಳೆಯ ಹಾಸಿನ ಎಳೆಗಳಿಗೆ ಹೊಸ ಎಳೆಗಳನ್ನು ಹೊಸೆದು ಸೇರಿಸುತ್ತಿದ್ದಳು. ಈ ಹಾಡು ನಿನಗೆ ಯಾರು ಕಲಿಸಿದರು ಎಂದು ಕೇಳಿದೆ.

“ನಾನೆಲ್ಲಿ ಹಾಡ್ದೆ? ಓಣಿಯಿಂದ ಹಾಡ್ಕೊಂಡು ಬಂದೋನು ನೀನಲ್ಲೇನೋ? ಅಕ್ಕನ್ನ ಆಸ್ಪತ್ರೇಲಿ ಬಿಟ್ಟು ಬಂದು ಎಂಥ ಹಾಡಪ್ಪ ಇವನ್ದು ಅಂತ ಸಿಟ್ಟು ಬಂತು ನಂಗೆ.”

ಓಣಿಯಲ್ಲಿ ಬರುವಾಗ ನನ್ನ ತುಟಿ ಮುಚ್ಚಿತ್ತು. ಹಾಗೆಂದು ನನ್ನ ನೆನಪು. ಆಸ್ಪತ್ರೆಗೆ ಹೊರಡಲು ಅವ್ವ ಸೀರೆ ಗಂಟು ಕಟ್ಟುತ್ತಿದ್ದಾಗ ಫೋನು ಬಂತು. ಅಕ್ಕ ಹೋಗಿದ್ದಳು.

ಎರಡು ರಾತ್ರಿ ನಿದ್ದೆಗೆಟ್ಟಿದ್ದೆ. ಬಸ್ಸಿನಲ್ಲಿ ದಾರಿಯುದ್ದಕ್ಕೂ ಆ ಹಾಡೇ ತಲೆಯಲ್ಲಿತ್ತು. ಗೊತ್ತಿಲ್ಲದೆ ಗುನುಗಿರಬಹುದು, ನನ್ನ ದನಿಯೇ ಗೋಡೆಗೆ ಬಡಿದು ಒಳಗಿನಿಂದ ಬಂದಂತೆ ಕೇಳಿಸಿರಬಹುದು. ಅವ್ವ ನಮ್ಮ ಆಟವನ್ನು ಎಂದೋ ಕದ್ದು ಕೇಳಿ, ತಾನೇ ಹಾಡಿ, ಮರೆತಿರಲೂಬಹುದು. ಮತ್ತೆ ಕೇಳೋಣವೆಂದರೆ ಈಗ ಅವ್ವ ಇಲ್ಲ. ಒಂದೊಂದೂ ಸಾಧ್ಯವೇ, ಆದರೆ ಯಾವುದೂ ಮನಸ್ಸಿಗೆ ಒಪ್ಪುವುದಿಲ್ಲ. ಹಾಡಿದವನು ನಾನೇ ಆಗಿರಲಿ ಎಂಬ ಆಸೆ ನನ್ನದು. ಆ ಆಸೆ ಇರುವುದರಿಂದಲೇ ಅದನ್ನು ನಂಬಲು ಅಂಜುತ್ತೇನೆ.

ಆರು ತಿಂಗಳ ಮೇಲೆ ರಾಂಪುರಕ್ಕೆ ಹೋಗಿ ಆ ಅಜ್ಜಿಯನ್ನು ಹುಡುಕಿದೆ. ಹಾಡಿನ ಮಾತೆತ್ತದೆ, ಕೊನೆಗೆ ಅಕ್ಕ ಏನಾದರೂ ಹೇಳಿದಳೇ ಎಂದಷ್ಟೇ ಕೇಳಿದೆ.

“ಏನೂ ಮಾತಾಡ್ಲಿಲ್ಲಪ್ಪ. ಮಧ್ಯಾಹ್ನ ಪೂರ್ತಿ ಬಾಗ್ಲ ಕಡೆ ಮುಖ ಮಾಡಿ, ಏನೋ ಕೇಳಿಸ್ಕೊಂತಿರೋಳಂಗೆ ಮಲಗಿದ್ಲು. ಆಮೇಲೆ ಒಂದು ಸಾಲು ಹಾಡಿದ್ಲು. ಏರಿದೆ ಅಂತೇನೋ. ಅಷ್ಟೇ.”

ಅಂದು ಆಸ್ಪತ್ರೆಯಲ್ಲಿ ಅಜ್ಜಿಯ ಮಗಳೂ ಜೊತೆಗಿದ್ದಳು. ಅಜ್ಜಿ ಒಳಗಿದ್ದಾಗ ಅವಳನ್ನು ಬೇರೆಯಾಗಿ ಕೇಳಿದೆ, ಎಷ್ಟು ಸಾಲು ಹಾಡಿದಳೆಂದು. ಒಂದೇ ಸಾಲು ಎಂದಳು.