ಚಾಚಾರ ಬಿಲ್ಲೆ ನಂಬರೂ ನನ್ನ ಕಂಪ್ಯೂಟರ್ ಜ್ಞಾನವೂ

ಸರ್ಕಾರಿ ಬಸ್ಸಿನ ಡ್ರೈವರೊಬ್ಬರ ಬಿಲ್ಲೆ ನಂಬರನ್ನು ವಿಡಿಯೊ ಗೇಮಿನ ಗುರುತಿನ ಸಂಖ್ಯೆ ಎಂದು ತಿಳಿದು ಕಂಪ್ಯೂಟರಿಗೆ ಉಣಿಸಿದವನು ಇಡೀ ಬೈಲಹೊಂಗಲ ತಾಲ್ಲೂಕಿನಲ್ಲಿ ನಾನೊಬ್ಬನೇ ಇರಬೇಕು. ಕಿತ್ತೂರು, ಸವದತ್ತಿ, ರಾಮದುರ್ಗ ಸೇರಿಸಿಕೊಂಡರೂ ಎರಡನೆಯವನು ಸಿಗಲಿಕ್ಕಿಲ್ಲ. ಬರೀ ತಪ್ಪು ಮಾಡಿದ್ದರೆ ಬಾಯಿ ಮುಚ್ಚಿಕೊಂಡು ಇರಬಹುದಿತ್ತು. ನಾನು ಅದನ್ನು ನಾಲ್ಕು ಜನರನ್ನು ಕೂರಿಸಿಕೊಂಡು, ಒಂದೊಂದು ಹೆಜ್ಜೆಯನ್ನೂ ವಿವರಿಸುತ್ತಾ, ನಡುನಡುವೆ ಚಹಾ ಕುಡಿಯುತ್ತಾ ಮಾಡಿದೆ.

ಆ ಡ್ರೈವರ್ ನಮ್ಮ ಪಕ್ಕದ ಮನೆಯವರು. ಓಣಿಗೆಲ್ಲ ಅವರು ಚಾಚಾ, ಅವರ ಹೆಂಡತಿ ಚಾಚಿ. ಚಾಚಾ ಮೂವತ್ತೆರಡು ವರ್ಷ ಬಸ್ಸು ಓಡಿಸಿದವರು. ದೊಡವಾಡದ ರಸ್ತೆಯಲ್ಲಿ ಯಾವ ತಗ್ಗು ಯಾವ ತಿರುವಿನ ಮಗ್ಗುಲಲ್ಲಿದೆ ಎಂದು ಮಲಗಿದಲ್ಲೇ ಹೇಳಬಲ್ಲರು. ನಿವೃತ್ತರಾದ ಮರುವರ್ಷ ಅವರಿಗೆ ಲಕ್ವಾ ಹೊಡೆಯಿತು. ಎಡಗಾಲು ಎರಡು ತಿಂಗಳಲ್ಲಿ ದಾರಿಗೆ ಬಂತು. ಎಡಗೈ ಬರಲಿಲ್ಲ. ನನ್ನಂಥವನಿಗೆ ಎಡಗೈ ಎಂದರೆ ಮೊಬೈಲ್ ಹಿಡಿಯುವ ಕೈ. ಡ್ರೈವರನಿಗೆ ಅದು ಗೇರಿನ ಕೈ.

ಧಾರವಾಡದ ಡಾಕ್ಟರು ಒಂದು ರಬ್ಬರ್ ಚೆಂಡು ಕೊಟ್ಟು, ದಿನಾ ಹಿಚುಕುತ್ತಿರಿ, ಬೆರಳು ಸುಮ್ಮನೆ ಬಿಟ್ಟರೆ ಗಟ್ಟಿಯಾಗಿಬಿಡುತ್ತವೆ ಎಂದರು. ಚಾಚಾ ನಾಲ್ಕು ದಿನ ಹಿಚುಕಿದರು. ಐದನೆಯ ದಿನ "ಇದು ಕೂಸುಗಳ ಆಟ" ಎಂದು ಬಿಟ್ಟರು. ಚೆಂಡು ಮಂಚದ ಕೆಳಗೆ ಉರುಳಿತು. ಆಮೇಲೆ ಅವರು ಹಿಡಿದದ್ದು ಇನ್ನೂ ದೊಡ್ಡ ಕೂಸುಗಳ ಆಟ. ಈಗ ರಾಮದುರ್ಗದಲ್ಲಿರುವ ಅವರ ಮಗ ಮದುವೆಗೆ ಮುಂಚೆ ತಂದಿಟ್ಟ ಗೇಮ್ ಮಷೀನೊಂದು ಟ್ರಂಕಿನಲ್ಲಿತ್ತು. ಅದರ ಜೊತೆಗೆ ಸವದತ್ತಿಯ ಅಂಗಡಿಯಲ್ಲಿ ಕೊಂಡ ಲಾರಿ ಓಡಿಸುವ ಗೇಮಿನ ಸಿ.ಡಿ. ಇತ್ತು. ಅದರಲ್ಲಿ ಗೇರು ಹಾಕಲು ಎಡಗೈಯ ಬೆರಳುಗಳಿಂದಲೇ ಗುಂಡಿ ಒತ್ತಬೇಕು. ಚಾಚಾ ಅದನ್ನು ಹಿಡಿದವರು ಬಿಡಲೇ ಇಲ್ಲ.

ಗೇಮಿನೊಳಗಿನ ಊರುಗಳು ಯಾವ ದೇಶದವೋ. ಚಾಚಾ ಅವಕ್ಕೆ ತಮ್ಮವೇ ಹೆಸರು ಕೊಟ್ಟಿದ್ದರು. ಹಿಮ ಬಿದ್ದ ಘಾಟಿಯನ್ನು ನೋಡಿ "ಇದು ನೇಸರಗಿ ರೋಡ್, ಬರೇ ಸುಣ್ಣಾ ಹಚ್ಯಾರ" ಎನ್ನುತ್ತಿದ್ದರು. ಮೊದಲ ಟ್ರಿಪ್ಪಿಗೆ ಹದಿನೇಳು ದಿನ ಹಿಡಿಯಿತು. ಎಂಟು ತಿಂಗಳಲ್ಲಿ ನಲವತ್ತೊಂದು ಟ್ರಿಪ್ ಮುಗಿಸಿದರು. ಅಷ್ಟರಲ್ಲಿ ಎಡಗೈ ಚಹಾದ ಕಪ್ಪನ್ನು ಹಿಡಿಯುವಷ್ಟು ಬಂದಿತ್ತು. ಒಟ್ಟು ಟ್ರಿಪ್ ಐವತ್ತು. ಆ ನಲವತ್ತೊಂದೂ ಮಷೀನಿನ ಸಣ್ಣ ಕಾರ್ಡಿನಲ್ಲಿ ಉಳಿದಿದ್ದವು. ಡಾಕ್ಟರ ಫೈಲಿಗಿಂತ ಚಾಚಾರಿಗೆ ಅದರ ಮೇಲೆ ಭರವಸೆ.

ಇಂಥ ಹೊತ್ತಿಗೆ ಮಷೀನಿಗೆ ಸಿ.ಡಿ. ಓದುವ ಕಣ್ಣು ಮಂಜಾಯಿತು. ತಿರುಗುತ್ತದೆ, ಕೆಮ್ಮುತ್ತದೆ, ನಿಲ್ಲುತ್ತದೆ. ಆಗ ಪ್ರವೇಶ ಮಾಡಿದವನು ನಾನು.

ನನ್ನ ಕಂಪ್ಯೂಟರ್ ಜ್ಞಾನದ ಕೀರ್ತಿ ಓಣಿಯಲ್ಲಿ ದೊಡ್ಡದಿತ್ತು. ಒಬ್ಬರ ಟಿ.ವಿ. ಕೆಟ್ಟಾಗ ಪ್ಲಗ್ಗು ಹಾಕಿ ರಿಪೇರಿ ಮಾಡಿದ್ದೆ. ಇನ್ನೊಬ್ಬರ ಮೊಬೈಲನ್ನು ಆಫ್ ಮಾಡಿ ಆನ್ ಮಾಡಿ ಬದುಕಿಸಿದ್ದೆ. ಇಷ್ಟು ಅನುಭವವಿದ್ದವನು ಹಿಂದೆ ಸರಿಯುವುದುಂಟೆ?

"ಚಾಚಾ, ಸಿ.ಡಿ.ನ ಫೈಲ್ ಮಾಡಿ ಪೆನ್‌ಡ್ರೈವಿಗೆ ಹಾಕಿಬಿಡೂಣ್ರಿ. ಮಷೀನಿಗೆ ಸಿ.ಡಿ.ನೇ ಬೇಕಾಗೂದಿಲ್ಲ" ಎಂದೆ.

"ನನ್ನ ಟ್ರಿಪ್ ಹೋಗೂದಿಲ್ಲಲ್ಲಾ?"

"ಒಂದೂ ಹೋಗೂದಿಲ್ರಿ."

ಎಂಥ ಧೈರ್ಯ. ಆ ಹೊತ್ತಿಗೆ ನಾನು ಈ ಕೆಲಸದ ಬಗ್ಗೆ ನೋಡಿದ್ದು ಒಂದೇ ವಿಡಿಯೊ, ಅದೂ ಅರ್ಧ. ಅದರಲ್ಲಿ ಮುಖ ತೋರಿಸದ ಒಬ್ಬ ಗಂಟಲು ಕೆರೆದುಕೊಳ್ಳುತ್ತಾ "ಬಹಳ ಸಿಂಪಲ್" ಎಂದು ಒಂಬತ್ತು ಸಲ ಹೇಳಿದ. ಸಿಂಪಲ್ ಇದ್ದರೆ ಒಂದು ಸಲ ಸಾಕಾಗುತ್ತಿರಲಿಲ್ಲವೇ ಎಂದು ನನಗೆ ಅನ್ನಿಸಬೇಕಿತ್ತು. ಅನ್ನಿಸಲಿಲ್ಲ.

ನನ್ನ ಲ್ಯಾಪ್‌ಟಾಪಿಗೆ ಸಿ.ಡಿ. ಹಾಕುವ ಬಾಯಿಯೇ ಇಲ್ಲ. ಅದಕ್ಕಾಗಿ ಕಿತ್ತೂರಿಗೆ ಹೋಗಿ, ಮದುವೆ ವಿಡಿಯೊ ಮಾಡುವ ಸ್ಟುಡಿಯೊದ ಪರಿಚಯದವನಿಂದ ಹೊರಗಿಂದ ಜೋಡಿಸುವ ಡ್ರೈವ್ ಕಡ ತಂದೆ. ಸಿ.ಡಿ. ನಕಲಾಯಿತು. ಕಾರ್ಡಿನಲ್ಲಿದ್ದ ಟ್ರಿಪ್ಪುಗಳನ್ನೂ ಮಷೀನು ಪೆನ್‌ಡ್ರೈವಿಗೆ ಇಳಿಸಿಕೊಟ್ಟು ಕಾರ್ಡನ್ನು ಖಾಲಿ ಮಾಡಿತು. ಆಮೇಲೆ ಫೈಲು ಪರಿವರ್ತಿಸುವ ಪ್ರೋಗ್ರಾಮು ಒಂದು ಖಾಲಿ ಚೌಕ ತೋರಿಸಿ, ಗೇಮಿನ ಗುರುತಿನ ಸಂಖ್ಯೆ ಬರೆ ಎಂದಿತು. ಪ್ರತಿ ಗೇಮಿಗೂ ಒಂದು ಗುರುತು ಇರುತ್ತದೆ: ನಾಲ್ಕು ಇಂಗ್ಲಿಷ್ ಅಕ್ಷರ, ಐದು ಅಂಕಿ. ಉಳಿಸಿಟ್ಟ ಆಟ ಯಾವ ಗೇಮಿನದು ಎಂದು ಮಷೀನು ಪತ್ತೆ ಹಚ್ಚುವುದು ಆ ಗುರುತಿನಿಂದಲೇ. ಈ ಕೊನೆಯ ಮಾತು ನಾನು ನೋಡದೆ ಬಿಟ್ಟ ಎರಡನೆಯ ಅರ್ಧದಲ್ಲಿತ್ತು.

ಸಿ.ಡಿ.ಯನ್ನು ತಿರುಗಿಸಿ ನೋಡಿದೆ. ಮೇಲೆ ಮಾರ್ಕರ್ ಪೆನ್ನಿನಲ್ಲಿ ದಪ್ಪಗೆ ಐದು ಅಂಕಿ ಬರೆದಿತ್ತು. ನನಗೆ ಖುಷಿಯೋ ಖುಷಿ. ಅಕ್ಷರ ಮಾತ್ರ ಇರಲಿಲ್ಲ. ಅದಕ್ಕೇನು, ವಿಡಿಯೊದವನು ತನ್ನ ಗೇಮಿಗೆ ಹಾಕಿದ್ದ ನಾಲ್ಕು ಅಕ್ಷರ ನೆನಪಿದ್ದವು. ಅವನ ಅಕ್ಷರ, ಸಿ.ಡಿ.ಯ ಅಂಕಿ, ಎರಡನ್ನೂ ಕೂಡಿಸಿ ಹೊಡೆದೆ. ಚೌಕ ಒಪ್ಪಿಕೊಂಡಿತು. ಅದಕ್ಕೆ ನಮ್ಮ ಮನೆಯ ಕಿರಾಣಿ ಪಟ್ಟಿ ಬರೆದಿದ್ದರೂ ಒಪ್ಪಿಕೊಳ್ಳುತ್ತಿತ್ತು ಎಂದು ಈಗ ಗೊತ್ತು. "ನೋಡ್ರಿ, ಗೇಮ್ ರಜಿಸ್ಟರ್ ಆತು" ಎಂದು ಕೂತವರಿಗೆ ಹೇಳಿದೆ.

ಗೇಮು ಶುರುವಾಯಿತು. ಲಾರಿ ಬಂತು, ಸಂಗೀತ ಬಂತು. ನನಗೆ ಎದ್ದು ಕೈ ಮುಗಿಯುವ ಆಸೆಯಾಯಿತು. ಅಷ್ಟರಲ್ಲಿ ತೆರೆಯ ಮೇಲೆ ಒಂದು ಪ್ರಶ್ನೆ ಬಂತು.

"ಏನ ಕೇಳಾಕತ್ತೈತಿ?" ಎಂದರು ಚಾಚಾ.

"ಅದು... ಹೊಸ ಡ್ರೈವರ್ ಏನು ಅಂತ ಕೇಳಾಕತ್ತೈತ್ರಿ."

"ಯಾರಿಗೆ?"

"ನಿಮಗ."

ಚಾಚಾ ಟ್ರಿಪ್ಪಿನ ಪಟ್ಟಿ ತೆಗೆಸಿದರು. ಎಲ್ಲ ಖಾಲಿ. "ಯಾವ ನಂಬರ್ ಹಾಕಿದಿ?" ಎಂದು ಕೇಳಿದರು. ನಾನು ಸಿ.ಡಿ. ತೋರಿಸಿದೆ.

"ಇದು ನನ್ನ ಬಿಲ್ಲಾ ನಂಬರ್."

ಡಿಪೋದ ವಿಶ್ರಾಂತಿ ಕೋಣೆಯಲ್ಲಿ ಇಪ್ಪತ್ತು ಜನರ ಡಬ್ಬಿ ಒಂದೇ ಥರ ಇರುತ್ತವೆ; ಅದಲು ಬದಲಾಗಬಾರದೆಂದು ಪ್ರತಿಯೊಬ್ಬರೂ ತಮ್ಮ ಬಿಲ್ಲೆಯ ನಂಬರು ಬರೆದಿರುತ್ತಾರಂತೆ. ಚಾಚಾರಿಗೆ ಆ ಚಟ ನಿವೃತ್ತಿಯ ನಂತರವೂ ಹೋಗಿರಲಿಲ್ಲ. ಊಟದ ಡಬ್ಬಿ, ಛತ್ರಿ, ಬ್ಯಾಟರಿ, ಕನ್ನಡಕದ ಪೆಟ್ಟಿಗೆ, ಎಲ್ಲದರ ಮೇಲೂ ಅದೇ ಐದು ಅಂಕಿ. ನಾನು ಚಿಕ್ಕಂದಿನಿಂದ ಆ ಮನೆಯಲ್ಲಿ ಊಟ ಮಾಡಿದವನು. ನನ್ನ ಕಣ್ಣೆದುರಿಗಿದ್ದ ಚಹಾದ ತಾಟಿನ ತಳದಲ್ಲೂ ಅದೇ ನಂಬರು ಇತ್ತು.

"ಛಲೋ ಆತು ಬಿಡು, ಇವರ ಆಧಾರ್ ನಂಬರ್ ಹಾಕಲಿಲ್ಲ" ಎಂದರು ಚಾಚಿ.

ಚಾಚಾ ನಗಲಿಲ್ಲ. ಕೈಯಲ್ಲಿದ್ದ ಗೇಮಿನ ರಿಮೋಟನ್ನು ಪಕ್ಕಕ್ಕಿಟ್ಟು ಮಂಚದ ಮೇಲೆ ಗೋಡೆಯ ಕಡೆ ತಿರುಗಿದರು. ಹಳೆಯ ಟ್ರಿಪ್ಪುಗಳು ಅಳಿಸಿಹೋದವೋ, ಎಲ್ಲೋ ಅವಿತುಕೊಂಡವೋ ನನಗೂ ಗೊತ್ತಿರಲಿಲ್ಲ. ಗೊತ್ತಿಲ್ಲ ಎಂದು ಹೇಳುವ ಮರ್ಯಾದೆಯೂ ನನಗಿರಲಿಲ್ಲ. "ಸರ್ವರ್ ಸಮಸ್ಯಾ ಇರಬೇಕ್ರಿ" ಎಂದೆ. ಆ ಮನೆಯಲ್ಲಿ ಇಂಟರ್‌ನೆಟ್ಟೇ ಇಲ್ಲ.

ಮರುದಿನದಿಂದ ಚಾಚಾ ಎಡಗೈಯನ್ನು ತೊಡೆಯ ಮೇಲಿಟ್ಟುಕೊಂಡು ಸುಮ್ಮನೆ ಕೂತರು. ಚೆಂಡು ಕೊಟ್ಟರೆ ತಳ್ಳಿದರು. ಮೊದಲಿನಿಂದ ಆಡಿ ಎಂದರೆ, "ಮೂವತ್ತೆರಡು ವರ್ಷ ಓಡಿಸಿದವಗ ಮತ್ತ ಲರ್ನರ್ ಆಗು ಅಂತಿಯೇನು?" ಎಂದರು. ನಾಲ್ಕನೆಯ ದಿನ ಕಪ್ಪನ್ನು ಬಲಗೈಯಲ್ಲಿ ಹಿಡಿದದ್ದು ಕಂಡೆ. ಅದು ನನಗೆ ಬೈಗುಳಕ್ಕಿಂತ ಜೋರಾಗಿ ತಾಗಿತು.

ಸಿ.ಡಿ.ಯ ಕವರು ಸಿಕ್ಕರೆ ಅದರ ಬೆನ್ನ ಮೇಲೆ ಗುರುತು ಅಚ್ಚಾಗಿರುತ್ತದೆ ಎಂದು ಓದಿದೆ. ಚಾಚಾರ ಮನೆಯಲ್ಲಿ ಕವರು ಇರಲಿಲ್ಲ. ಐದನೆಯ ದಿನ ಮುನವಳ್ಳಿ ಮೇಲೆ ಹಾಯ್ದು ಹೋಗುವ ಬಸ್ಸು ಹಿಡಿದು ಸವದತ್ತಿಗೆ ಹೋದೆ. ಆ ಅಂಗಡಿ ಇನ್ನೂ ಇತ್ತು. ಈಗ ಅದರಲ್ಲಿ ಮೊಬೈಲ್ ಕವರು, ಮಿಕ್ಸರ್ ಜಾರು ಮಾರುತ್ತಾರೆ. ಹಳೆಯ ಗೇಮುಗಳು ಒಂದು ರಟ್ಟಿನ ಡಬ್ಬಿಯಲ್ಲಿ ಬಿದ್ದಿದ್ದವು, ಸಿ.ಡಿ. ಒಂದು ಕಡೆ, ಕವರು ಒಂದು ಕಡೆ, ಒಂದಕ್ಕೊಂದು ಮಾತಿಲ್ಲ ಕತೆಯಿಲ್ಲ.

"ಈ ಲಾರಿ ಗೇಮಿಂದು ಕವರ್ ಐತೇನ್ರಿ?" ಎಂದು ಅಂಗಡಿಯವರನ್ನು ಕೇಳಿದೆ.

"ಸಿ.ಡಿ. ಬ್ಯಾಡಾ?"

"ಬ್ಯಾಡ್ರಿ. ಬರೇ ಕವರ್."

"ಮಂದಿ ಕವರ್ ಒಗದು ಸಿ.ಡಿ. ಒಯ್ತಾರ. ನೀನೊಬ್ಬ ಬಾಳಿಹಣ್ಣು ಬಿಟ್ಟು ಸಿಪ್ಪಿ ತಿನ್ನಾವ ಬಂದಿ" ಎಂದು ಹುಡುಕಿ ಕೊಟ್ಟರು. ಕವರಿನ ಮೇಲೆ ಅದೇ ಲಾರಿ, ಬೆನ್ನ ಮೇಲೆ ಸಣ್ಣದಾಗಿ ನಾಲ್ಕು ಅಕ್ಷರ, ಐದು ಅಂಕಿ. ವಾಪಸ್ ಬರುವ ಬಸ್ಸಿನಲ್ಲಿ ಅದನ್ನು ಎದೆಗೆ ಅವಚಿಕೊಂಡು ಕೂತೆ. ಪಕ್ಕದವರು ಮೈಯಲ್ಲಿ ಆರಾಮಿಲ್ಲವೇ ಎಂದು ಕೇಳಿದರು.

ಚಾಚಾರ ಮನೆಗೆ ಬಂದವನೇ ಆ ಗುರುತು ಹೊಡೆದೆ. ಗೇಮು ಶುರುವಾಯಿತು. ಚಾಚಾ ಮಂಚದಿಂದ ಎದ್ದು ನೋಡಲೂ ಇಲ್ಲ.

"ಏನಂತ?"

"ಅದ ಕೇಳಾಕತ್ತೈತ್ರಿ."

"ಹೊಸ ಡ್ರೈವರ್?"

"ಹೌದ್ರಿ."

"ಹಾಂ" ಎಂದು ಕಣ್ಣು ಮುಚ್ಚಿದರು.

ಒಂದೇ ಗೇಮು ಬೇರೆ ಬೇರೆ ದೇಶಕ್ಕೆ ಬೇರೆ ಬೇರೆ ಗುರುತಿನಲ್ಲಿ ಹೊರಡುತ್ತದಂತೆ. ಕವರು ಒಂದು ದೇಶದ್ದು, ಚಾಚಾರ ಸಿ.ಡಿ. ಇನ್ನೊಂದು ದೇಶದ್ದು. ಇಂಟರ್‌ನೆಟ್ಟಿನಲ್ಲಿ ಗುರುತುಗಳ ದೊಡ್ಡ ಪಟ್ಟಿಯೂ ಸಿಕ್ಕಿತು. ಅದನ್ನು ಮಾಡಿದ ಮಹಾತ್ಮರು ಲಾರಿಯ ಗೇಮಿನ ಎದುರಿಗೆ ಮೂರು ಗುರುತು ಬರೆದು, ಕೆಳಗೆ ಮೂರೂ ತಪ್ಪೆಂದು ಒಬ್ಬರನ್ನೊಬ್ಬರು ಬೈದುಕೊಂಡಿದ್ದರು. ಮೂರನ್ನೂ ಹೊಡೆದು ನೋಡಿದೆ, ಮೂರು ಸಲವೂ ಹೊಸ ಡ್ರೈವರ್ ಏನು ಎಂದೇ ಕೇಳಿತು. ಓದಿದವರ ಜಗಳ ನೋಡಿ ನನ್ನ ಮೂರ್ಖತನದ ಬಗ್ಗೆ ಸ್ವಲ್ಪ ಸಮಾಧಾನವಾಯಿತು. ಆದರೆ ಆ ಸಮಾಧಾನದಿಂದ ಚಾಚಾರ ಬೆರಳು ಅಲ್ಲಾಡುವಂತಿರಲಿಲ್ಲ.

ಒಂಬತ್ತನೆಯ ದಿನ ಮಧ್ಯಾಹ್ನ ಚಾಚಿ ಬಳ್ಳೊಳ್ಳಿ ಸುಲಿಯುತ್ತಾ ಕೂತಿದ್ದರು. ಪಕ್ಕದಲ್ಲಿ ನಾನು ಲ್ಯಾಪ್‌ಟಾಪ್ ತೆಗೆದು, ನಾನು ಎಷ್ಟು ಕಷ್ಟಪಟ್ಟಿದ್ದೇನೆ ಎಂದು ಅವರಿಗೆ ಮನವರಿಕೆ ಮಾಡಿಕೊಡುತ್ತಿದ್ದೆ. ಸಿ.ಡಿ.ಯೊಳಗೆ ಏನೇನಿದೆ ಎಂದು ತೆರೆದು ತೋರಿಸಿದೆ.

"ಇದು ಹಾಡು ಇರೂದ್ರಿ. ಇದು ಚಿತ್ರ. ಇದೊಂದು ಕಸ, ಏನೋ ಗೊತ್ತಿಲ್ಲ."

"ಆ ಕಸದಾಗ ಎಷ್ಟ ಅಕ್ಷರ ಅದಾವು?" ಎಂದರು ಚಾಚಿ.

"ನಿಮಗ ಇಂಗ್ಲಿಷ್ ಬರತೈತೇನ್ರಿ?"

"ಇಂಗ್ಲಿಷ್ ಬರೂದಿಲ್ಲ. ಎಣಿಸಾಕ ಬರತೈತಿ. ನಾಕು ಅಕ್ಷರ, ಐದು ಅಂಕಿ ಅಂತ ಒಂಬತ್ತು ದಿವಸದಿಂದ ನಮ್ಮ ತಲಿ ತಿಂದೀಯಲ್ಲಾ. ಇಲ್ಲೆ ನೋಡು, ನಾಕು ಅಕ್ಷರ. ಮುಂದ ಅಂಕಿ."

"ಅದರಾಗ ಮೂರ ಅಂಕಿ ಆದಮ್ಯಾಲೆ ಒಂದು ಚುಕ್ಕಿ ಬಂದೈತ್ರಿ ಚಾಚಿ. ಆಮ್ಯಾಲೆ ಎರಡ ಅದಾವು. ಅದು ಬ್ಯಾರೆ ಇರಬೇಕು."

"ಮೂರು, ಎರಡು, ಕೂಡಿದ್ರ ಐದು ಆಗೂದಿಲ್ಲೇನು ನಿಮ್ಮ ಕಂಪ್ಯೂಟರಿನ್ಯಾಗ?"

ಬೆವರುತ್ತಾ ಮೊಬೈಲಿನಲ್ಲಿ ಹುಡುಕಿ ಓದಿದೆ. ಮಷೀನು ಸಿ.ಡಿ.ಯಲ್ಲಿ ಮೊಟ್ಟಮೊದಲು ತೆರೆಯುವ ಫೈಲು ಅದು; ಅದರ ಹೆಸರೇ ಗೇಮಿನ ಗುರುತು. ಚುಕ್ಕಿ ತೆಗೆದರೆ ಮುಗಿಯಿತು. ನಾನು ಕಿತ್ತೂರಿಗೆ ಹೋಗಿ ಬಂದ ದಿನವೇ ಅದು ಪಟ್ಟಿಯ ತುದಿಯಲ್ಲಿ, ಕಣ್ಣಿಗೆ ಚುಚ್ಚುವ ಹಾಗೆ ಕೂತಿತ್ತು. ನಾನು ಅದನ್ನು ಕಸ ಎಂದು ಕರೆದು ಸವದತ್ತಿಯ ಬಸ್ಸು ಹತ್ತಿದ್ದೆ.

ಗುರುತು ಬರೆದು ಮಷೀನು ಹಚ್ಚಿದೆವು. ಚಾಚಿಯ ಕೈಯಲ್ಲಿ ಬಳ್ಳೊಳ್ಳಿ ಹಾಗೇ ನಿಂತಿತ್ತು. ಲಾರಿ ಬಂತು, ಸಂಗೀತ ಬಂತು, ಪ್ರಶ್ನೆ ಬರಲಿಲ್ಲ. ಟ್ರಿಪ್ಪಿನ ಪಟ್ಟಿ ತೆರೆದರೆ ನಲವತ್ತೊಂದೂ ಇದ್ದವು. ಮಷೀನು ಅವನ್ನು ಪೆನ್‌ಡ್ರೈವಿಗೆ ಇಳಿಸುವಾಗಲೇ ಸರಿಯಾದ ಗುರುತಿನಲ್ಲಿ ಇಟ್ಟಿತ್ತು. ಗುರುತು ತಪ್ಪಿದ್ದು ಅದಕ್ಕಲ್ಲ, ನನಗೆ.

ಚಾಚಾ ಎದ್ದು ಬಂದರು. ಪಟ್ಟಿಯನ್ನು ಮೇಲಿನಿಂದ ಕೆಳಗೆ ಒಮ್ಮೆ, ಕೆಳಗಿನಿಂದ ಮೇಲೆ ಒಮ್ಮೆ ನೋಡಿದರು. ನಲವತ್ತೆರಡನೆಯ ಟ್ರಿಪ್ ತೆಗೆದರು. ಲಾರಿ ಹೊರಟಿತು, ಮೊದಲ ಏರಿನಲ್ಲೇ ಗುರುಗುಟ್ಟಿ ನಿಂತಿತು. ಎಡಗೈಯ ನಡುಬೆರಳು ಗುಂಡಿಯ ಮೇಲೆ ಕೂತಿತ್ತು, ಒತ್ತುತ್ತಿರಲಿಲ್ಲ. ಮತ್ತೆ ಹೊರಡಿಸಿದರು, ಮತ್ತೆ ನಿಂತಿತು. ಆರು ಸಲ ಹೀಗಾಯಿತು. ಏಳನೆಯ ಸಲ ಲಾರಿ ಏರನ್ನು ಕುಂಟುತ್ತಾ ದಾಟಿತು. ಅಲ್ಲಿಗೆ ಅವರ ಹಣೆಯೆಲ್ಲ ಒದ್ದೆ.

ನಾನು ಲ್ಯಾಪ್‌ಟಾಪ್ ಮಡಚಿ, ಯಾರ ಕಣ್ಣಿಗೂ ಬೀಳದೆ ಜಾರಿಕೊಳ್ಳೋಣ ಎಂದು ಹೊಸ್ತಿಲ ತನಕ ಬಂದಿದ್ದೆ. ಚಾಚಾ ತೆರೆಯಿಂದ ಕಣ್ಣು ತೆಗೆಯದೆ ಕರೆದರು.

"ತಮ್ಮಾ, ಒಂಬತ್ತು ದಿವಸ ಕೈ ಸುಮ್ಮನ ಇಟ್ಟೆ ನೋಡು, ಗೇರ್ ಬೀಳವಲ್ದು. ಮತ್ತ ಒಂದು ತಿಂಗಳ ಹಿಂದಕ ಹೋತು. ಖರೇ ಹೇಳಬೇಕಂದ್ರ ಅದು ನಿನ್ನ ತಪ್ಪಲ್ಲ. ಸಿಟ್ಟು ಮಾಡಿ ಕುಂತಾವ ನಾನು. ಆದ್ರ ಡಾಕ್ಟರು ಕೇಳಿದ್ರ ನಾ ನಿನ್ನ ಹೆಸರನ ಹೇಳಾವ. ಧಾರವಾಡಕ್ಕ ನೀನೂ ಬಾ, ಬೈಸಿಕೊಳ್ಳಾಕ ಒಬ್ಬರು ಬೇಕು."